38 ಸೆಂಟ್ ಬಾಣೆ, ಒಂದು ಹಳೇ ರಿಜಿಸ್ಟರ್: ಕೊಡಗಿನ ಒಂದು ಭೂಸ್ವಾಧೀನ ಪ್ರಕರಣ

ರಸ್ತೆಯ ಒಂದು ಕೆಟ್ಟ ತಿರುವನ್ನು ನೇರ ಮಾಡಲು ನಮ್ಮ ಭಾವನ ತೋಟದ ಅಂಚಿನಿಂದ 38 ಸೆಂಟ್ ಜಾಗ ಹೋಯಿತು. ಎಕರೆಗಟ್ಟಲೆ ಕಳೆದುಕೊಂಡವರಿಗೆ ಇದು ಸಣ್ಣ ವಿಷಯ ಅನಿಸಬಹುದು. ಆದರೆ ಆ 38 ಸೆಂಟಿನಲ್ಲಿ ರೊಬಸ್ಟಾ ಕಾಫಿ ಇತ್ತು, ಸಿಲ್ವರ್ ಓಕ್‌ಗೂ ಹಾಲುವಾಣಕ್ಕೂ ಹಬ್ಬಿಸಿದ ಕಾಳುಮೆಣಸು ಇತ್ತು, ಎರಡು ನಂದಿ ಮರ, ಒಂದು ಹೆಬ್ಬಲಸು, ಒಂದು ದೊಡ್ಡ ಹಲಸು ಇತ್ತು. ಜಾಗ ಜಮ್ಮಾ ಬಾಣೆ, ಅಂದರೆ ಕೊಡಗಿನಲ್ಲಿ ವಂಶಪಾರಂಪರ್ಯವಾಗಿ ಬರುವ ಒಂದು ಬಗೆಯ ಹಿಡುವಳಿ. ಪಹಣಿಯಲ್ಲಿ ಪಟ್ಟೇದಾರರಾಗಿ ಭಾವನ ಮುತ್ತಜ್ಜನ ಹೆಸರು, ಅದರ ಕೆಳಗೆ ಇನ್ನೂ ಆರೇಳು ಹೆಸರು, ಅವರಲ್ಲಿ ಅರ್ಧ ಜನ ಈಗ ಇಲ್ಲ. ಕೊಡಗಿನವರಿಗೆ ಇಷ್ಟು ಹೇಳಿದರೆ ಮುಂದಿನ ಕಥೆ ಅರ್ಧ ಗೊತ್ತಾಗಿರುತ್ತೆ.

ಹೊರಗಿನವರಿಗೆ ಸ್ವಲ್ಪ ಹೇಳಬೇಕು. ಬಾಣೆ ಎಂದರೆ ಗದ್ದೆಯ ಜೊತೆಗೆ ಸೇರಿಕೊಂಡಿದ್ದ ಮರಗಾಡು ಜಾಗ. ಸೌದೆಗೆ, ಸೊಪ್ಪಿಗೆ, ದನ ಮೇಯಿಸಲಿಕ್ಕೆ ಬಿಟ್ಟದ್ದು. ಆಮೇಲೆ ಅಲ್ಲೆಲ್ಲ ಕಾಫಿ ಬಂತು. ಮರದ ಹಕ್ಕು ಮಾತ್ರ ಜಾಗದ ಹಕ್ಕಿನಿಂದ ಬೇರೆಯಾಗಿಯೇ ಉಳಿಯಿತು. ಹಿಂದೆ ಯಾವಾಗಲಾದರೂ ಮರದ ಬೆಲೆಯನ್ನು ಸರ್ಕಾರಕ್ಕೆ ಕಟ್ಟಿ ಬಿಡಿಸಿಕೊಂಡಿದ್ದರೆ ಆ ಜಾಗ ರಿಡೀಮ್ಡ್. ಇಲ್ಲದಿದ್ದರೆ ಅನ್‌ರಿಡೀಮ್ಡ್, ಅಲ್ಲಿನ ಮರದ ಮೇಲೆ ಸರ್ಕಾರದ ಹಕ್ಕು. ಮನೆಯಲ್ಲಿ ಮರ ಕಡಿಯುವ ಮಾತು ಬಂದಾಗ ಮಾತ್ರ ಈ ವಿಷಯ ನೆನಪಾಗುತ್ತೆ. ಉಳಿದ ದಿನ ಯಾರಿಗೂ ಬೇಡ.

ಭೂಸ್ವಾಧೀನ ಅಧಿಕಾರಿ ಕೊಟ್ಟ ಐತೀರ್ಪು (ಪರಿಹಾರ ಎಷ್ಟು ಅಂತ ನಿಗದಿ ಮಾಡುವ ಆದೇಶ) ಕೈಗೆ ಬಂದಾಗ ಅದರಲ್ಲಿ ಕಣ್ಣಿಗೆ ಹೊಡೆಯುವ ಹಾಗೆ ಮೂರು ವಿಷಯ ಇದ್ದವು. ಜಾಗಕ್ಕೆ ಮಾರ್ಗಸೂಚಿ ದರವನ್ನೇ, ಅಂದರೆ ನೋಂದಣಿಗೆ ಸರ್ಕಾರ ನಿಗದಿ ಮಾಡಿದ ಕನಿಷ್ಠ ಬೆಲೆಯನ್ನೇ, ಹಿಡಿದಿದ್ದರು. ಜಾಗ ಅನ್‌ರಿಡೀಮ್ಡ್ ಬಾಣೆ ಅಂತ ಬರೆದು ನಾಟಾ ಮರಗಳ ಬೆಲೆಯನ್ನು ಪೂರ್ತಿ ಕೈಬಿಟ್ಟಿದ್ದರು. ಕಾಫಿ ಗಿಡದ ಲೆಕ್ಕ ಇತ್ತು, ಮೆಣಸಿನ ಬಳ್ಳಿಯ ಕಾಲಂನಲ್ಲಿ ಒಂದು ಗೆರೆ ಎಳೆದಿತ್ತು. ಇದೆಲ್ಲದರ ಮೇಲೆ, ಪಹಣಿಯಲ್ಲಿ ಇಷ್ಟೊಂದು ಹೆಸರು ಇರುವುದರಿಂದ ಹಣವನ್ನು ಯಾರ ಕೈಗೂ ಕೊಡದೆ ಠೇವಣಿ ಇಡುತ್ತೇವೆ ಅಂತ ಕೊನೆಯಲ್ಲಿ ಒಂದು ಸಾಲು.

ಬಳ್ಳಿ, ಮರ ಅಂತ ಇಷ್ಟು ತಲೆಕೆಡಿಸಿಕೊಳ್ಳುವುದು ಯಾಕೆ ಅಂತ ಕೇಳಬಹುದು. 2013ರ ಭೂಸ್ವಾಧೀನ ಕಾಯ್ದೆಯಲ್ಲಿ ಜಾಗದ ಮಾರುಕಟ್ಟೆ ಬೆಲೆಗೆ ಮೊದಲು ಗುಣಕ ಹಾಕುತ್ತಾರೆ, ಅದಕ್ಕೆ ಜಾಗದ ಮೇಲಿರುವ ಮರ, ಗಿಡ, ಕಟ್ಟಡದ ಬೆಲೆ ಸೇರಿಸುತ್ತಾರೆ, ಆ ಒಟ್ಟು ಮೊತ್ತದ ಮೇಲೆ ಶೇ. 100 ಸೊಲೇಷಿಯಂ, ಅಂದರೆ ಒತ್ತಾಯದಿಂದ ಜಾಗ ತಗೊಂಡದ್ದಕ್ಕೆ ಕೊಡುವ ಹೆಚ್ಚುವರಿ ಹಣ. ಅಂದರೆ ಬಿಟ್ಟುಹೋದ ಒಂದು ಮೆಣಸಿನ ಬಳ್ಳಿಯ ನಷ್ಟ ಎರಡು ಪಟ್ಟು. ಜೊತೆಗೆ ಅದೇ ಕಾಯ್ದೆಯ 29ನೇ ಸೆಕ್ಷನ್ ಪ್ರಕಾರ ಮರಗಿಡಗಳ ಬೆಲೆ ಕಟ್ಟಲು ಕೃಷಿ, ಅರಣ್ಯ, ತೋಟಗಾರಿಕೆ ಬಲ್ಲವರ ನೆರವು ಪಡೆಯಬಹುದು. ಹಾಗಾದರೆ ಯಾರೋ ಬಂದು ಎಣಿಸಿರಲೇಬೇಕು. ಎಣಿಸಿದ ಕಾಗದ ಎಲ್ಲೋ ಇರಲೇಬೇಕು. ನಮ್ಮ ಇಡೀ ಪ್ರಕರಣ ನಿಂತದ್ದು ಈ ಒಂದು ನಂಬಿಕೆಯ ಮೇಲೆ.

ಮೊದಲು ಗಡುವು, ಆಮೇಲೆ ಕಾಗದ

ಭಾವನಿಗೆ ಮೊದಲು ಎಲ್ಲ ದಾಖಲೆ ಕೂಡಿಸಿಕೊಂಡು, ಆಮೇಲೆ ಗಟ್ಟಿಯಾಗಿ ಒಂದು ಅರ್ಜಿ ಹಾಕಬೇಕು ಅಂತ ಇತ್ತು. ಆದರೆ ಮಾಹಿತಿ ಹಕ್ಕಿನಲ್ಲಿ (ಆರ್‌ಟಿಐ) ಉತ್ತರ ಕೊಡಲು 30 ದಿನ, ಅದು ಬರದಿದ್ದರೆ ಮೇಲ್ಮನವಿ, ಅದಕ್ಕೂ ಸಮಯ. ಅಷ್ಟರಲ್ಲಿ ಭೂಸ್ವಾಧೀನ ಕಾಯ್ದೆಯ 64ನೇ ಸೆಕ್ಷನ್‌ನ ಗಡುವು ಕೈ ಜಾರಿರುತ್ತೆ. ಐತೀರ್ಪು ಒಪ್ಪದವರು ವಿಷಯವನ್ನು ಪ್ರಾಧಿಕಾರಕ್ಕೆ, ಅಂದರೆ ಇಂಥ ತಕರಾರು ತೀರ್ಮಾನಿಸುವ ನ್ಯಾಯಪೀಠಕ್ಕೆ, ಕಳಿಸಿ ಅಂತ ಅರ್ಜಿ ಕೊಡುವುದು ಈ ಸೆಕ್ಷನ್‌ನಲ್ಲಿ. ಐತೀರ್ಪು ಹೇಳುವಾಗ ನೀವೋ ನಿಮ್ಮ ಪರವಾಗಿ ಯಾರೋ ಹಾಜರಿದ್ದರೆ ಆ ದಿನದಿಂದ ಆರೇ ವಾರ. ಸಾಕಷ್ಟು ಕಾರಣ ತೋರಿಸಿದರೆ ಮುಂದಿನ ಒಂದು ವರ್ಷದೊಳಗೆ ತಗೊಳ್ಳಬಹುದು ಅಂತ ಕಾಯ್ದೆಯಲ್ಲಿ ಇದೆ ನಿಜ, ಆದರೆ 'ಆರ್‌ಟಿಐ ಉತ್ತರಕ್ಕೆ ಕಾಯ್ತಾ ಇದ್ದೆ' ಅನ್ನುವುದು ಸಾಕಷ್ಟು ಕಾರಣವೋ ಅಲ್ಲವೋ ಅಂತ ವಾದ ಮಾಡುತ್ತಾ ಕೂರುವ ಪರಿಸ್ಥಿತಿ ಯಾಕೆ ಬೇಕು ಹೇಳಿ.

ಹಾಗಾಗಿ ವಕೀಲರು ಎರಡು ಪುಟದ ಅರ್ಜಿ ಬರೆದು ಜಿಲ್ಲಾಧಿಕಾರಿ ಕಚೇರಿಗೆ ಕೊಟ್ಟು ಸ್ವೀಕೃತಿ ತಗೊಂಡರು. ಜಾಗದ ಬೆಲೆ, ಮರ, ಬಳ್ಳಿ ಮೂರಕ್ಕೂ ಆಕ್ಷೇಪಣೆ ಇದೆ, ದಾಖಲೆಗಳು ಸರ್ಕಾರದ ವಶದಲ್ಲೇ ಇವೆ, ಮುಂದೆ ಹಾಜರುಪಡಿಸುತ್ತೇವೆ. ಅಷ್ಟೇ. ಹಣದ ವಿಷಯದಲ್ಲೂ ಒಂದು ಎಚ್ಚರಿಕೆ ಬೇಕು. ಕೆಲವರಿಗೆ ಚೆಕ್ ಕೈಗೇ ಬರುತ್ತೆ. 'ಆಕ್ಷೇಪಣೆಗೆ ಒಳಪಟ್ಟು ಪಡೆದಿದ್ದೇನೆ' ಅಂತ ಬರೆಯದೆ ಸಹಿ ಹಾಕಿದರೆ 77ನೇ ಸೆಕ್ಷನ್ ಪ್ರಕಾರ ಆಮೇಲೆ 64ರ ಅರ್ಜಿ ಹಾಕುವ ಹಕ್ಕೇ ಹೋಗುತ್ತೆ. ನಮ್ಮ ಪಕ್ಕದ ತೋಟದವರು ಹಾಗೇ ಸಹಿ ಹಾಕಿ ಬಂದಿದ್ದರು. ಅವರ ವಿಷಯ ಕೊನೆಗೆ ಹೇಳ್ತೇನೆ.

ಯಾಕೆ ಅಂತ ಕೇಳಿದರೆ ಉತ್ತರ ಬರಲ್ಲ

ನಾನು ಇದರಲ್ಲಿ ಕೈ ಹಾಕುವ ಮೊದಲೇ ಭಾವ ಒಂದು ಆರ್‌ಟಿಐ ಅರ್ಜಿ ಹಾಕಿ ಆಗಿತ್ತು. ಮೂರು ಪುಟ. ನಮ್ಮ ಬಳ್ಳಿಗಳಿಗೆ ಯಾಕೆ ಪರಿಹಾರ ಕೊಟ್ಟಿಲ್ಲ, ಯಾವ ನ್ಯಾಯದಲ್ಲಿ ಮರ ಸರ್ಕಾರದ್ದು, ಇದಕ್ಕೆ ಯಾರು ಹೊಣೆ, ಹೀಗೆ. ಓದಿದರೆ ಹೊಟ್ಟೆ ಉರಿಯುತ್ತೆ, ಎಲ್ಲ ನಿಜ. ಉತ್ತರ ಎರಡೇ ಸಾಲು ಬಂತು. ಕರ್ನಾಟಕದ ಮಾಹಿತಿ ಹಕ್ಕು ನಿಯಮಕ್ಕೆ 2008ರಲ್ಲಿ ಆದ ತಿದ್ದುಪಡಿಯಂತೆ ಒಂದು ಅರ್ಜಿ ಒಂದೇ ವಿಷಯಕ್ಕೆ ಸಂಬಂಧಿಸಿರಬೇಕು, ಸಾಮಾನ್ಯವಾಗಿ 150 ಪದ ಮೀರಬಾರದು. ಮತ್ತೆ, ಕಾರಣ ಮತ್ತು ಅಭಿಪ್ರಾಯ ಕೇಳಿದ್ದೀರಿ, ಅದು ಮಾಹಿತಿ ಆಗಲ್ಲ.

ಎರಡನೇ ಮಾತಿನಲ್ಲಿ ತಪ್ಪಿಲ್ಲ. ಕಡತದಲ್ಲಿ ಇರುವುದನ್ನು ಕೊಡಬೇಕೇ ಹೊರತು ಇಲ್ಲದ್ದನ್ನು ಯೋಚಿಸಿ ಬರೆದುಕೊಡುವ ಕೆಲಸ ಮಾಹಿತಿ ಅಧಿಕಾರಿಯದ್ದಲ್ಲ ಅಂತ ಸುಪ್ರೀಂ ಕೋರ್ಟ್ 2011ರಲ್ಲಿ ಸಿಬಿಎಸ್‌ಇ ಪ್ರಕರಣದಲ್ಲಿ ಹೇಳಿಯಾಗಿದೆ. ಹಾಗಾಗಿ ಸಿಟ್ಟನ್ನು ಬದಿಗಿಟ್ಟು, ಯಾವ ಕಾಗದ ಯಾರ ಕಪಾಟಿನಲ್ಲಿ ಇರುತ್ತೆ ಅಂತ ಮೊದಲು ಯೋಚನೆ ಮಾಡಬೇಕು. ಭಾವ 'ಎಲ್ಲ ನೀನೇ ಬರಿ ಮಾರಾಯ, ನನಗೆ ಅವರ ಭಾಷೆ ಬರಲ್ಲ' ಅಂದರು.

ನಾವು ಅದನ್ನು ಸಣ್ಣ ಸಣ್ಣ ಅರ್ಜಿಗಳಾಗಿ ಒಡೆದೆವು. ಭೂಸ್ವಾಧೀನ ಕಚೇರಿಗೆ ಬರೆದ ಅರ್ಜಿಯಲ್ಲಿ ಕೇಳಿದ್ದು ಇಷ್ಟು: ಇಂಥ ಸರ್ವೆ ನಂಬರಿನ ಭೂಸ್ವಾಧೀನ ಕಡತದ ಟಿಪ್ಪಣಿ ಹಾಳೆಗಳು, ಸ್ಥಳ ಪರಿಶೀಲನೆಯ ಮಹಜರು, ಜಂಟಿ ಅಳತೆ ವರದಿ ಮತ್ತು ನಕ್ಷೆ, ಮರಗಿಡಗಳ ಮೌಲ್ಯಮಾಪನ ಪಟ್ಟಿ, ಬೆಲೆ ನಿಗದಿಗೆ ಪರಿಗಣಿಸಿದ ಕ್ರಯಪತ್ರಗಳ ಪಟ್ಟಿ. ತೋಟಗಾರಿಕೆ ಇಲಾಖೆಗೆ ಬೇರೆ ಅರ್ಜಿ, ಅವರು ಎಣಿಕೆ ಮಾಡಿ ಕಳಿಸಿದ ಪತ್ರ ಮತ್ತು ಅದರ ಮೂಲ ಹಾಳೆ. ತಾಲೂಕು ಕಚೇರಿಗೆ ಇನ್ನೊಂದು, ಹಳೇ ಜಮಾಬಂದಿ ರಿಜಿಸ್ಟರಿನಲ್ಲಿ (ಊರಿನ ಜಾಗ, ಕಂದಾಯದ ಹಳೇ ದಾಖಲೆ ಪುಸ್ತಕ) ಈ ಜಾಗದ ಪುಟ. ಒಂದೊಂದಕ್ಕೂ 10 ರೂಪಾಯಿ, ನಕಲು ಪುಟಕ್ಕೆ 2 ರೂಪಾಯಿ. ಕಾಫಿ ಮಂಡಳಿಗೆ ಹೋಗುವುದಾದರೆ ಅದು ಕೇಂದ್ರದ ಸಂಸ್ಥೆ, ಅರ್ಜಿಯೂ ಕೇಂದ್ರದ ನಿಯಮದಂತೆ ಹೋಗಬೇಕು. ಎಲ್ಲದರಲ್ಲೂ ಒಂದು ಸಾಲು ತಪ್ಪದೆ ಸೇರಿಸಿದೆವು: ನಕಲು ಕೊಡುವ ಮೊದಲು ಕಡತವನ್ನು ನೋಡಲು ಅವಕಾಶ ಬೇಕು. ಮಾಹಿತಿ ಹಕ್ಕು ಕಾಯ್ದೆಯ 2(ಜೆ)ಯಲ್ಲೇ ಕಡತ ನೋಡುವುದು, ಟಿಪ್ಪಣಿ ಮಾಡಿಕೊಳ್ಳುವುದು, ದೃಢೀಕೃತ ನಕಲು ಪಡೆಯುವುದು ಎಲ್ಲವೂ ಹಕ್ಕಿನ ಒಳಗೇ ಬರುತ್ತೆ.

ಈ ಸಾಲೇ ನಮ್ಮನ್ನು ಕಾಪಾಡಿತು. ಅಂಚೆಯಲ್ಲಿ ಬಂದ ನಕಲುಗಳಲ್ಲಿ ಟೈಪ್ ಮಾಡಿದ ಮೌಲ್ಯಮಾಪನ ಪಟ್ಟಿ ಇತ್ತು, ಬಳ್ಳಿಯ ಕಾಲಂನಲ್ಲಿ ಅದೇ ಗೆರೆ. ಕಡತ ನೋಡಲು ಹೋದ ದಿನ, ಟೇಪು ಕಟ್ಟಿದ ಆ ದಪ್ಪ ಕಡತದಲ್ಲಿ, ಮಹಜರಿನ ಹಿಂದೆ ಗುಂಡುಪಿನ್ನು ಚುಚ್ಚಿದ ಒಂದು ಹಾಳೆ ಸಿಕ್ಕಿತು. ಪಿನ್ನಿನ ತುಕ್ಕು ಕಾಗದಕ್ಕೆ ಹತ್ತಿತ್ತು. ಸ್ಥಳದಲ್ಲೇ ನೀಲಿ ಪೆನ್ನಿನಲ್ಲಿ ಬರೆದ ಎಣಿಕೆ. ಕಾಫಿ ಇಷ್ಟು, ಸಿಲ್ವರ್ ಓಕ್ ಇಷ್ಟು, ಅದರ ಕೆಳಗೆ 'ಮೆಣಸು ಬಳ್ಳಿ, ಫಸಲು ಕೊಡುವುದು' ಅಂತ ಒಂದು ಸಂಖ್ಯೆ, 'ಎಳೆಯದು' ಅಂತ ಇನ್ನೊಂದು ಸಂಖ್ಯೆ. ಕೆಳಗೆ ಸಹಿ, ತಾರೀಕು, ಇಬ್ಬರು ಪಂಚರ ಸಹಿ. ಎಣಿಸಿದವರು ಸರಿಯಾಗಿಯೇ ಎಣಿಸಿದ್ದರು. ಕಚೇರಿಯಲ್ಲಿ ಟೈಪ್ ಆಗುವಾಗ ಆ ಎರಡು ಸಾಲು ಬಿದ್ದುಹೋಗಿದ್ದವು. ಬೇಕಂತಲೇ ಬಿಟ್ಟರಾ, ಸುಮ್ನೆ ಕಣ್ಣು ತಪ್ಪಿತಾ, ನನಗೆ ಗೊತ್ತಿಲ್ಲ, ಪ್ರಕರಣಕ್ಕೆ ಅದು ಬೇಕಾಗಿಯೂ ಇರಲಿಲ್ಲ. ಆ ಹಾಳೆಯ ಪುಟಸಂಖ್ಯೆ ಬರೆದುಕೊಂಡು, ಅದೇ ಪುಟದ ನಕಲು ಬೇಕು ಅಂತ ಅಲ್ಲೇ ಕೂತು ಬರೆದುಕೊಟ್ಟೆವು.

ರಿಜಿಸ್ಟರ್ ಇಲ್ಲ ಅಂದಾಗ

ಜಮಾಬಂದಿ ರಿಜಿಸ್ಟರಿನದ್ದು ದೊಡ್ಡ ರಗಳೆ. 'ಅದೆಲ್ಲ ಹಳೇದು ಸರ್, ಇಲ್ಲಿಲ್ಲ' ಅಂತ ಬಾಯಲ್ಲಿ ಹೇಳಿದರು, ಆಮೇಲೆ ಅದನ್ನೇ ಕಾಗದದ ಮೇಲೆ 'ಸದರಿ ದಾಖಲೆ ಲಭ್ಯವಿರುವುದಿಲ್ಲ' ಅಂತ ಕೊಟ್ಟರು. ಎಷ್ಟೋ ಜನ ಇಲ್ಲಿಗೆ ಬಿಡ್ತಾರೆ. ಆದರೆ ಕಡತ ಸಿಗುತ್ತಿಲ್ಲ ಅನ್ನುವುದು ಮಾಹಿತಿ ನಿರಾಕರಿಸಲು ಕಾಯ್ದೆ ಒಪ್ಪಿದ ಕಾರಣಗಳಲ್ಲಿ ಇಲ್ಲವೇ ಇಲ್ಲ. ಒಂದು ಕಾಲದಲ್ಲಿ ಇದ್ದ ದಾಖಲೆ ಈಗ ಸಿಗದಿದ್ದರೆ ಸರಿಯಾಗಿ ಹುಡುಕಬೇಕು, ವಿಚಾರಣೆ ಮಾಡಿ ಹೊಣೆ ನಿಗದಿ ಮಾಡಬೇಕು ಅಂತ ದೆಹಲಿ ಹೈಕೋರ್ಟ್ 2013ರಲ್ಲಿ ಹೇಳಿದೆ. ನಮ್ಮ ಮೊದಲ ಮೇಲ್ಮನವಿಯಲ್ಲಿ ಅದನ್ನು ಉಲ್ಲೇಖಿಸಿ ಮೂರೇ ವಿಷಯ ಕೇಳಿದೆವು. ಈ ರಿಜಿಸ್ಟರ್ ಕೊನೆಯದಾಗಿ ಯಾರ ವಶದಲ್ಲಿತ್ತು? ಬೇರೆ ರೆಕಾರ್ಡ್ ರೂಮಿಗೆ ಹೋಗಿದ್ದರೆ ಆ ವರ್ಗಾವಣೆ ಪಟ್ಟಿ ಎಲ್ಲಿ? ನಾಶ ಮಾಡಿದ್ದರೆ ನಾಶದ ಆದೇಶ ಎಲ್ಲಿ?

ಎರಡನೇ ಪ್ರಶ್ನೆ ಕೆಲಸ ಮಾಡಿತು. ಮೇಲ್ಮನವಿಯ ದಿನ ಅಧಿಕಾರಿ ಸಿಬ್ಬಂದಿಯನ್ನು ಕರೆದು ವರ್ಗಾವಣೆ ಪಟ್ಟಿ ತರಿಸಿದರು, ಪಟ್ಟಿಯಲ್ಲಿ ಆ ಗ್ರಾಮದ ರಿಜಿಸ್ಟರ್ ಜಿಲ್ಲೆಯ ರೆಕಾರ್ಡ್ ರೂಮಿಗೆ ಹೋದ ನಮೂದು ಇತ್ತು. ಅಲ್ಲಿಂದ ಬಂದದ್ದು ಕೊಡಗು ಇನ್ನೂ ಬೇರೆ ರಾಜ್ಯವಾಗಿದ್ದ ಕಾಲದ, ಅಂದರೆ 1956ರ ನವೆಂಬರ್‌ಗೆ ಮೊದಲಿನ, ಇಂಗ್ಲಿಷಿನಲ್ಲಿ ಬರೆದ ದೊಡ್ಡ ಪುಸ್ತಕ. ನಮ್ಮ ಸರ್ವೆ ನಂಬರಿನ ಎದುರಿಗೆ, ಷರಾ ಕಾಲಂನಲ್ಲಿ, ಮರದ ಬೆಲೆ ಕಟ್ಟಿಸಿಕೊಂಡ ಆದೇಶದ ನಂಬರು, ಅದರ ಪಕ್ಕ ರಿಡೀಮ್ಡ್ ಅಂತ ಕೆಂಪು ಶಾಯಿಯಲ್ಲಿ. ಆಮೇಲಿನ ಕಾಲದಲ್ಲಿ ಪಹಣಿ ಬರೆಯುವಾಗ ಷರಾ ಕಾಲಂ ಇಳಿಸಿಕೊಳ್ಳದೆ ಬರೀ 'ಬಾಣೆ' ಅಂತ ಮಾತ್ರ ಇಳಿಸಿಕೊಂಡಿದ್ದರು. ಕಂಪ್ಯೂಟರಿಗೆ ಏರಿದ್ದೂ ಅದೇ.

ಕೊಡಗಿನಲ್ಲಿ ಈ ತಕರಾರು ಇರುವವರು ಪಹಣಿ ಒಂದನ್ನೇ ಹಿಡಿದು ವಾದ ಮಾಡಬೇಡಿ ಅಂತ ನಾನು ಹೇಳುವುದು ಇದಕ್ಕೇ. ಹಿಂದಕ್ಕೆ ಹೋಗಿ.

ಕ್ರಯಪತ್ರ ಹುಡುಕುವ ದಾರಿ

ಜಾಗದ ಬೆಲೆಗೆ ಭೂಸ್ವಾಧೀನ ಕಾಯ್ದೆಯ 26ನೇ ಸೆಕ್ಷನ್. ಮಾರ್ಗಸೂಚಿ ದರ ಒಂದು ಕಡೆ, ಹತ್ತಿರದ ಗ್ರಾಮದಲ್ಲಿ ಅದೇ ರೀತಿಯ ಜಾಗ ಹಿಂದಿನ ಮೂರು ವರ್ಷದಲ್ಲಿ ಮಾರಾಟವಾದ ಸರಾಸರಿ ಬೆಲೆ ಇನ್ನೊಂದು ಕಡೆ, ಯಾವುದು ಜಾಸ್ತಿಯೋ ಅದು. ಸರಾಸರಿ ತೆಗೆಯುವಾಗ ಎಲ್ಲ ಕ್ರಯಪತ್ರ ತಗೊಳ್ಳುವ ಹಾಗಿಲ್ಲ, ಹೆಚ್ಚಿನ ಬೆಲೆ ಇರುವ ಅರ್ಧದಷ್ಟನ್ನು ಮಾತ್ರ. ಕಡತದಲ್ಲಿ ಸಿಕ್ಕ ಪಟ್ಟಿಯಲ್ಲಿ ಇದ್ದದ್ದು ಹೆಚ್ಚಾಗಿ ಗದ್ದೆ ಮಾರಾಟಗಳು. ಕಾಫಿ ತೋಟಕ್ಕೆ ಗದ್ದೆಯ ಬೆಲೆ ಹಿಡಿದರೆ 'ಅದೇ ರೀತಿಯ ಜಾಗ' ಅನ್ನುವ ಮಾತಿಗೆ ಅರ್ಥ ಏನು ಬಂತು?

ಸರಿಯಾದ ಕ್ರಯಪತ್ರ ಹುಡುಕುವುದು ಹೇಗೆ ಅನ್ನುವುದು ಮುಂದಿನ ಪ್ರಶ್ನೆ. ಸಬ್‌ರಿಜಿಸ್ಟ್ರಾರ್ ಕಚೇರಿಗೆ ಹೋಗಿ 'ಸುತ್ತಮುತ್ತ ಮಾರಿದ ತೋಟಗಳ ಪತ್ರ ಕೊಡಿ' ಅಂದರೆ ಯಾರೂ ಕೊಡಲ್ಲ, ಸರ್ವೆ ನಂಬರು ಬೇಕು, ಇಲ್ಲ ದಸ್ತಾವೇಜು ನಂಬರು ಬೇಕು. ನಾವು ಮಾಡಿದ್ದು ಇಷ್ಟೇ. ನಮ್ಮ ಗ್ರಾಮ ಮತ್ತು ಪಕ್ಕದ ಗ್ರಾಮದ ಮ್ಯುಟೇಷನ್ (ಖಾತೆ ಬದಲಾವಣೆ) ರಿಜಿಸ್ಟರಿನ ಮೂರು ವರ್ಷದ ನಕಲು ತೆಗೆಸಿದೆವು. ಅದರಲ್ಲಿ ಪೌತಿ, ವಿಭಾಗ, ದಾನ, ಕ್ರಯ ಎಲ್ಲ ಇರುತ್ತೆ. ಕ್ರಯದ ನಮೂದುಗಳನ್ನು ಮಾತ್ರ ಆರಿಸಿದರೆ ಸರ್ವೆ ನಂಬರೂ ನೋಂದಣಿ ನಂಬರೂ ಸಿಕ್ಕಿತು. ಆಮೇಲೆ ಆರ್‌ಟಿಐ ಬೇಕಾಗಿಲ್ಲ. 1908ರ ನೋಂದಣಿ ಕಾಯ್ದೆಯ 57ನೇ ಸೆಕ್ಷನ್ ಪ್ರಕಾರ ಒಂದನೇ ಪುಸ್ತಕವನ್ನು (ಸ್ಥಿರಾಸ್ತಿಯ ಪತ್ರಗಳು ದಾಖಲಾಗುವ ಪುಸ್ತಕ) ಶುಲ್ಕ ಕಟ್ಟಿ ಯಾರು ಬೇಕಾದರೂ ನೋಡಬಹುದು, ನಕಲು ಪಡೆಯಬಹುದು, ಆ ನಕಲು ಮೂಲ ಪತ್ರದಲ್ಲಿ ಏನಿದೆ ಅನ್ನುವುದಕ್ಕೆ ಸಾಕ್ಷ್ಯವೂ ಆಗುತ್ತೆ.

ಇಲ್ಲಿ ಒಂದು ಕಹಿ ಮಾತು. ನಮ್ಮ ಕಡೆ ಕ್ರಯಪತ್ರದಲ್ಲಿ ನಿಜವಾದ ಬೆಲೆ ಬರೆಯುವವರು ಎಷ್ಟು ಜನ ಇದ್ದಾರೆ? ಮುದ್ರಾಂಕ ಶುಲ್ಕ ಉಳಿಸಲು ಎಲ್ಲರೂ ಮಾರ್ಗಸೂಚಿ ದರಕ್ಕೇ ಬರೆಸುತ್ತಾರೆ, ಆಮೇಲೆ ಸರ್ಕಾರ ಅದೇ ಪತ್ರ ಮುಂದಿಟ್ಟು 'ನಿಮ್ಮೂರಿನ ಬೆಲೆ ಇಷ್ಟೇ' ಅಂದಾಗ ಬಾಯಿ ಬಡಕೊಳ್ಳುತ್ತಾರೆ. ನಮಗೆ ಉಪಯೋಗಕ್ಕೆ ಬಂದದ್ದು ಬ್ಯಾಂಕ್ ಸಾಲದಲ್ಲಿ ತೋಟ ಕೊಂಡವರ ಕೆಲವು ಪತ್ರಗಳು. ಸಾಲ ಸಿಗಬೇಕಲ್ವಾ, ಅಲ್ಲಿ ಬೆಲೆ ನಿಜಕ್ಕೆ ಹತ್ತಿರ ಇತ್ತು.

ಆರ್‌ಟಿಐ ನಕಲು ಕೋರ್ಟಿಗೆ ಸಾಕಾ?

ಪ್ರಕರಣ ಪ್ರಾಧಿಕಾರದ ಮುಂದೆ ಬಂದಾಗ ಸರ್ಕಾರಿ ವಕೀಲರು ಮೊದಲು ಎತ್ತಿದ್ದೇ ಈ ಮಾತು. ಇವರು ಕೊಟ್ಟಿರುವುದು ಜೆರಾಕ್ಸ್, ಮೇಲೆ 'ಮಾಹಿತಿ ಹಕ್ಕಿನಡಿ ನೀಡಿದೆ' ಅಂತ ಮುದ್ರೆ, ಇದು ದೃಢೀಕೃತ ನಕಲಲ್ಲ. ಅವರ ಮಾತು ಸುಳ್ಳಲ್ಲ. ಸಾಕ್ಷ್ಯ ಕಾನೂನು ಕೇಳುವ ದೃಢೀಕೃತ ನಕಲಿಗೆ ಒಂದು ರೂಪ ಇದೆ. ಮೂಲಕ್ಕೆ ಸರಿಯಾದ ನಕಲು ಅನ್ನುವ ಒಕ್ಕಣೆ, ದಾಖಲೆ ಯಾರ ವಶದಲ್ಲಿದೆಯೋ ಆ ಅಧಿಕಾರಿಯ ಹೆಸರು, ಹುದ್ದೆ, ಸಹಿ, ತಾರೀಕು, ಮುದ್ರೆ. ಹಳೇ ಸಾಕ್ಷ್ಯ ಕಾಯ್ದೆಯಲ್ಲಿ ಇದು 76ನೇ ಸೆಕ್ಷನ್. 2024ರ ಜುಲೈ 1ರಿಂದ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ 75.

ವಕೀಲರು ಮೊದಲೇ ಇದಕ್ಕೆ ತಯಾರಿದ್ದರು. ಆರ್‌ಟಿಐ ನಮಗೆ ಕಾಗದ ಎಲ್ಲಿದೆ, ಯಾವ ಪುಟ ಅಂತ ತೋರಿಸಿಕೊಟ್ಟಿತ್ತು. ಅದರ ಆಧಾರದ ಮೇಲೆ ಜಮಾಬಂದಿ ಪುಟಕ್ಕೂ ಮ್ಯುಟೇಷನ್ ನಮೂದುಗಳಿಗೂ ಬೇರೆಯಾಗಿ ಶುಲ್ಕ ಕಟ್ಟಿ ದೃಢೀಕೃತ ನಕಲು ತೆಗೆಸಿದ್ದೆವು. ನೀಲಿ ಪೆನ್ನಿನ ಎಣಿಕೆ ಹಾಳೆಗೆ ಇನ್ನೊಂದು ದಾರಿ ಹಿಡಿದರು. 2013ರ ಕಾಯ್ದೆಯ 60ನೇ ಸೆಕ್ಷನ್ ಪ್ರಾಧಿಕಾರಕ್ಕೆ ಸಾಕ್ಷಿಗಳನ್ನು ಕರೆಸುವ, ಸರ್ಕಾರಿ ದಾಖಲೆ ತರಿಸುವ ಅಧಿಕಾರ ಕೊಡುತ್ತೆ. ಮೂಲ ಕಡತವನ್ನೇ ತರಿಸಿ, ಎಣಿಸಿದ ತೋಟಗಾರಿಕೆ ಅಧಿಕಾರಿಯನ್ನು ಸಾಕ್ಷಿಯಾಗಿ ಕರೆಸಿ ಅಂತ ಅರ್ಜಿ. ಇಂಥ ಕಡತದ ಇಂಥ ಪುಟ ಅಂತ ನಿಖರವಾಗಿ ಕೇಳಿದ್ದರಿಂದ ತಕರಾರಿಗೆ ಜಾಗ ಇರಲಿಲ್ಲ. ಆ ಅಧಿಕಾರಿ ಬಂದರು, ಹಾಳೆ ನೋಡಿದರು, 'ಹೌದು, ನನ್ನ ಬರಹ, ನಾನೇ ಎಣಿಸಿದ್ದು' ಅಂದರು. ಪಾಟಿ ಸವಾಲಿನಲ್ಲಿ ಹೆಚ್ಚೇನೂ ಕೇಳಲಿಲ್ಲ.

ಫಲಿತಾಂಶ ಪೂರ್ತಿ ನಮ್ಮ ಪರ ಬಂತು ಅಂತ ಹೇಳಲ್ಲ. ಬಳ್ಳಿಗಳ ಬೆಲೆ ಪೂರ್ತಿ ಸೇರಿತು. ಜಾಗ ರಿಡೀಮ್ಡ್ ಅಂತ ಒಪ್ಪಿ ಮರಗಳ ಬೆಲೆಯೂ ಸೇರಿತು. ಜಾಗದ ಬೆಲೆ ಏರಿದ್ದು ನಾವು ಕೇಳಿದ್ದಕ್ಕಿಂತ ತುಂಬಾ ಕಡಿಮೆ, ಬ್ಯಾಂಕ್ ಸಾಲದ ಪತ್ರಗಳಲ್ಲಿ ಕೆಲವು ದೊಡ್ಡ ರಸ್ತೆ ಬದಿಯವು ಅಂತ ಪಕ್ಕಕ್ಕಿಟ್ಟರು. ಅದರ ಮೇಲೆ ಹೈಕೋರ್ಟಿಗೆ ಹೋಗಲು 60 ದಿನ ಇರುತ್ತೆ, ಭಾವ ಬೇಡ ಅಂದರು. ಅವರ ಲೆಕ್ಕದಲ್ಲಿ ಅದು ಸರಿ, ನಾನಾಗಿದ್ದರೆ ಹೋಗುತ್ತಿದ್ದೆ.

ಹಣ ಇನ್ನೂ ಠೇವಣಿಯಲ್ಲೇ ಇದೆ. ಪಹಣಿಯ ಆರೇಳು ಹೆಸರಿನ ವಾರಸುದಾರರಲ್ಲಿ ಒಬ್ಬರು ಮೈಸೂರಿನಲ್ಲಿ, ಒಬ್ಬರು ದುಬೈಯಲ್ಲಿ, ಒಬ್ಬರಿಗೂ ಭಾವನಿಗೂ ಹಳೇ ದಾಯಾದಿ ಮುನಿಸು. ಯಾರಿಗೆ ಎಷ್ಟು ಪಾಲು ಅನ್ನುವುದು ಬೇರೆಯೇ ತೀರ್ಮಾನ ಆಗಬೇಕು, ಅದಕ್ಕೆ ವಂಶವೃಕ್ಷ, ಮರಣ ಪ್ರಮಾಣಪತ್ರ ಅಂತ ಮತ್ತೊಂದು ಸುತ್ತು ಕಾಗದ ಶುರುವಾಗಿದೆ.

ಇನ್ನು ಪಕ್ಕದ ತೋಟದವರು. ಆಕ್ಷೇಪಣೆ ಬರೆಯದೆ ಚೆಕ್ ತಗೊಂಡು, 64ರ ಅರ್ಜಿ ಹಾಕದೆ ಉಳಿದವರು. ಅದೇ ಪ್ರಾಥಮಿಕ ಅಧಿಸೂಚನೆಯಲ್ಲಿ ಜಾಗ ಹೋಗಿ, ಅರ್ಜಿ ಹಾಕದೆ ಇದ್ದವರು, ಬೇರೆಯವರ ಪ್ರಕರಣದಲ್ಲಿ ಪ್ರಾಧಿಕಾರ ಬೆಲೆ ಹೆಚ್ಚಿಸಿದ ದಿನದಿಂದ ಮೂರು ತಿಂಗಳೊಳಗೆ ತಮಗೂ ಹೆಚ್ಚಿಸಿ ಅಂತ ಜಿಲ್ಲಾಧಿಕಾರಿಗೆ ಬರೆದುಕೊಳ್ಳಲು 73ನೇ ಸೆಕ್ಷನ್‌ನಲ್ಲಿ ಅವಕಾಶ ಇದೆ. ಪ್ರಾಧಿಕಾರದ ಐತೀರ್ಪಿನ ನಕಲು ಪಡೆಯಲು ಹಿಡಿದ ದಿನಗಳನ್ನು ಆ ಮೂರು ತಿಂಗಳಿನ ಲೆಕ್ಕದಿಂದ ಕಳೆಯುತ್ತಾರೆ. ಭಾವ ಅವರಿಗೆ ಫೋನ್ ಮಾಡಿ 'ನಾಳೆ ಬೆಳಿಗ್ಗೆ ಮಡಿಕೇರಿಗೆ ಹೋಗಿ ಮೊದಲು ನಕಲಿಗೆ ಅರ್ಜಿ ಕೊಡಿ, ಉಳಿದದ್ದು ಆಮೇಲೆ' ಅಂದರು. ಅವರ ಕಡತದಲ್ಲಿ ಎಣಿಕೆ ಹಾಳೆ ಇದೆಯಾ ಅಂತ ಇನ್ನೂ ನೋಡಬೇಕು.